ಎರಡನೇ ಬ್ರೇಕ್

ಮಾರ್ಚ್ ೪

ಎಡಗೈಯಲ್ಲಿ ಬರೆಯುತ್ತಿದ್ದೇನೆ. ಅಕ್ಷರಗಳು ಒಂದನೇ ತರಗತಿಯವು. ಬಲ ಮುಂಗೈಗೆ ಪ್ಲಾಸ್ಟರ್, ಬಲ ಮಂಡಿಗೆ ಪಟ್ಟಿ. ಆಸ್ಪತ್ರೆಯಿಂದ ನೇರ ತಮ್ಮನ ಮನೆಗೆ ತಂದು ಮಲಗಿಸಿದ್ದಾರೆ.

ಆದದ್ದು ಇಷ್ಟು. ಡ್ರೈವಿಂಗ್ ಶಾಲೆಯ ಕಾರಿನಲ್ಲಿ ತಮ್ಮ ನನ್ನನ್ನು ಲ್ಯಾಬಿಗೆ ಬಿಡಲು ಹೊರಟಿದ್ದ. ಪಕ್ಕದ ಸೀಟಿನಲ್ಲಿ ನಾನು ಎಂದಿನಂತೆ ಚಪ್ಪಲಿ ಬಿಟ್ಟು ಚಕ್ಕಳಮಕ್ಕಳ ಹಾಕಿ ಕೂತಿದ್ದೆ. ಅವನ ಫೋನು ಹೊಡೆದುಕೊಂಡಿತು, ಜಾರಿ ಕೆಳಗೆ ಬಿತ್ತು. ಅವನು ಬಗ್ಗಿದ. ತಲೆ ಎತ್ತಿದವನು 'ಅಯ್ಯೋ' ಎಂದು ಬ್ರೇಕ್ ತುಳಿದ. ರಸ್ತೆಯಲ್ಲಿದ್ದದ್ದು ಗಾಳಿಗೆ ಉಬ್ಬಿದ ಪ್ಲಾಸ್ಟಿಕ್ ಚೀಲ. ಹಿಂದಿನಿಂದ ಲಾರಿ ಬಂದು ಗುದ್ದಿತು, ನಾವು ಹೋಗಿ ದೀಪದ ಕಂಬಕ್ಕೆ ಗುದ್ದಿದೆವು. ತಮ್ಮನಿಗೆ ಹಣೆಯ ಮೇಲೆ ಒಂದು ಗೀರು.

ಸಾಕು. ಎಡಗೈಯೂ ನೋಯುತ್ತಿದೆ.

ಮಾರ್ಚ್ ೧೨

ತಮ್ಮನ ಹೆಂಡತಿ ಇವತ್ತು ತಲೆಗೆ ನೀರು ಹಾಕಿದಳು. ಪ್ಲಾಸ್ಟರಿಗೆ ಪ್ಲಾಸ್ಟಿಕ್ ಚೀಲ ಸುತ್ತಿ, ನನ್ನನ್ನು ಸ್ಟೂಲಿನ ಮೇಲೆ ಕೂರಿಸಿ, "ಕಣ್ಣು ಮುಚ್ಕೊಳ್ಳಿ ಅಕ್ಕ, ಸೋಪು ಹೋಗುತ್ತೆ" ಎಂದಳು. ನಾನು ಒಬ್ಬಳೇ ಇದ್ದು ಅಭ್ಯಾಸವಾದವಳು. ಇನ್ನೊಬ್ಬರ ಕೈಗೆ ತಲೆ ಒಪ್ಪಿಸಿ ಕಣ್ಣು ಮುಚ್ಚಿ ಕೂರುವುದು ಎಷ್ಟು ಕಷ್ಟವೋ ಅಷ್ಟೇ ಸುಖ. ಎರಡನ್ನೂ ಅವಳಿಗೆ ಹೇಳಲಿಲ್ಲ.

ಲ್ಯಾಬಿನ ಯಜಮಾನರು ಫೋನ್ ಮಾಡಿದ್ದರು. "ಕೈ ನಿಮ್ಮದು, ಅವಸರ ನಮ್ಮದು" ಎಂದು ನಕ್ಕರು. ಕಟ್ಟುಹಲ್ಲಿನ ಸೆಟ್ಟು ಜೋಡಿಸುವುದು ನನ್ನ ಕೆಲಸ. ಬಾಯಿ ಯಾರದೋ ನಮಗೆ ಗೊತ್ತಿರುವುದಿಲ್ಲ. ಅಚ್ಚು ಬರುತ್ತದೆ, ಅದರ ಮೇಲೆ ಮೇಣದಲ್ಲಿ ಒಂದೊಂದೇ ಹಲ್ಲು ಕೂರಿಸುತ್ತೇವೆ. ಬಿಸಿ ಚಾಕು ಕೂದಲೆಳೆಯಷ್ಟು ಹೆಚ್ಚು ಓಡಿದರೆ ಯಾರೋ ಒಬ್ಬರು ವರ್ಷಗಟ್ಟಲೆ ನಾಲಿಗೆ ಕಚ್ಚಿಕೊಳ್ಳುತ್ತಾರೆ. ಬಲಗೈಯ ಬೆರಳುಗಳನ್ನು ಆಡಿಸಲು ನೋಡಿದೆ. ಹೆಬ್ಬೆರಳು ಅಲ್ಲಾಡಿತು. ಉಳಿದವು ನನ್ನ ಮಾತು ಕೇಳಿಸದವರ ಹಾಗೆ ಇದ್ದವು.

ಮಾರ್ಚ್ ೨೭

ವಕೀಲರು ಮನೆಗೇ ಬಂದಿದ್ದರು. ಮಾತಿನ ನಡುವೆ ಪೆನ್ನಿನ ಮುಚ್ಚಳ ತೆಗೆಯುತ್ತಾರೆ, ಹಾಕುತ್ತಾರೆ. ಟಪ್, ಟಪ್.

"ನೋಡಿ ಮೇಡಂ, ನೀವು ಪಕ್ಕದಲ್ಲಿ ಸುಮ್ಮನೆ ಕೂತಿದ್ದೋರು. ಕೋರ್ಟಲ್ಲಿ ಇದಕ್ಕಿಂತ ಒಳ್ಳೆ ಜಾಗ ಇಲ್ಲ. ತಪ್ಪು ಲಾರಿಯವನದ್ದೇ ಆಗ್ಲಿ, ಕಾರಿನವರದ್ದೇ ಆಗ್ಲಿ, ಇಬ್ಬರೂ ಹಂಚ್ಕೊಳ್ಳಲಿ, ನಿಮ್ಮ ಪರಿಹಾರ ಪೂರ್ತಿ ಬರುತ್ತೆ. ನಿಮ್ಮ ಪಾಲಿಗೆ ತಪ್ಪು ಬರಬಾರದು ಅಷ್ಟೇ. ಬಂದ್ರೆ ಅಷ್ಟು ಕತ್ತರಿ."

"ನಾನೇನು ತಪ್ಪು ಮಾಡೋಕೆ ಸಾಧ್ಯ? ನನಗೆ ಡ್ರೈವಿಂಗೇ ಬರಲ್ಲ" ಎಂದೆ.

"ಡ್ರೈವಿಂಗ್ ಮೇಷ್ಟ್ರ ಅಕ್ಕ ಆಗಿ!" ಎಂದು ಅವರು ತಮ್ಮನ ಕಡೆ ನೋಡಿ ನಕ್ಕರು. ತಮ್ಮ ನಗಲಿಲ್ಲ. ಕಾಫಿ ಲೋಟ ಎತ್ತಿಕೊಂಡು ಒಳಗೆ ಹೋದ. ಅದರಲ್ಲಿ ಇನ್ನೂ ಕಾಫಿ ಇತ್ತು.

ಏಪ್ರಿಲ್ ೧೦

ಪ್ಲಾಸ್ಟರ್ ಬಿಚ್ಚಿದರು. ಒಳಗಿನಿಂದ ಬಂದದ್ದು ಯಾರದೋ ಸಣ್ಣ, ಬಿಳಿಚಿದ ಕೈ. ಮೂಳೆ ಕೂಡಿದೆ, ಆದರೆ ನರಗಳು ಅಂಟಿಕೊಂಡಿವೆ, ಇನ್ನೊಂದು ಆಪರೇಷನ್ ಮಾಡಿ ಬಿಡಿಸಬೇಕು, ಈ ವರ್ಷದೊಳಗೆ ಆದರೆ ಬೆರಳು ವಾಪಸ್ ಬರುತ್ತವೆ ಎಂದರು ಡಾಕ್ಟರು. ಆಮೇಲೆ? ಆಮೇಲೆ ಹೇಳಲಾಗುವುದಿಲ್ಲ. ಖರ್ಚು ಕೇಳಿ ತಮ್ಮ ಗಂಟಲು ಸರಿಮಾಡಿಕೊಂಡ. ಅದಕ್ಕೇ ಅಲ್ಲವೇ ಕೇಸು ಎಂದೆ ನಾನು.

ಮಂಡಿಗೆ ವ್ಯಾಯಾಮ ಹೇಳಿಕೊಟ್ಟಿದ್ದಾರೆ. ಕುರ್ಚಿಯಲ್ಲಿ ಕೂತು ಪಾದ ಒತ್ತಬೇಕು, ಬಿಡಬೇಕು. ಎರಡು ಸಲ ಮಾಡಿದರೆ ಬೇಜಾರು. ತಮ್ಮ ಉಪಾಯ ಮಾಡಿದ. ಹೊಸ ಶಿಷ್ಯರನ್ನು ಅವನು ಮೊದಲು ಕಾರಿಗೆ ಹತ್ತಿಸುವುದಿಲ್ಲ. ಶಾಲೆಯ ಕೋಣೆಯಲ್ಲಿ ಕುರ್ಚಿ ಹಾಕಿ, ನೆಲದ ಮೇಲೆ ಹಳೆ ಚಪ್ಪಲಿಗಳನ್ನು ಸಾಲಾಗಿ ಇಟ್ಟು, ಇದು ಕ್ಲಚ್ಚು, ಇದು ಬ್ರೇಕು ಎಂದು ಕಾಲಿಗೆ ಪಾಠ ಹೇಳುತ್ತಾನೆ. ತಲೆ ಮರೆತರೂ ಕಾಲು ಮರೆಯಬಾರದು ಎನ್ನುವುದು ಅವನ ವಾದ. ಇವತ್ತು ನನ್ನ ಮುಂದೆಯೂ ಒಂದು ಚಪ್ಪಲಿ ಇಟ್ಟ.

"ಎದುರಿಗೆ ಮಗು ಬಂತು ಅಕ್ಕ!"

ಒತ್ತಿದೆ.

"ಮಗು ಹೋಯ್ತು. ಇಷ್ಟು ನಿಧಾನಕ್ಕೆ ಒತ್ತಿದ್ರೆ ಆ ಮಗು ಮದುವೆ ಮಾಡ್ಕೊಂಡು ವಾಪಸ್ ಬರುತ್ತೆ."

ಅಪಘಾತವಾದ ಮೇಲೆ ಮೊದಲ ಸಲ, ತಮ್ಮನ ಹೆಂಡತಿಯೂ ಸೇರಿ ಮೂವರೂ ನಕ್ಕೆವು.

ಏಪ್ರಿಲ್ ೨೬

ವಕೀಲರ ಆಫೀಸು. ಲಾರಿಯ ವಿಮೆ ಕಂಪನಿಯವರು ಉತ್ತರ ಕೊಟ್ಟಿದ್ದಾರೆ. ಮುಂದಿನ ಕಾರು ಕಾರಣವಿಲ್ಲದೆ ಗಕ್ಕನೆ ನಿಂತಿತು, ಬ್ರೇಕ್ ದೀಪ ಹತ್ತಿದ್ದನ್ನು ನಮ್ಮ ಚಾಲಕ ಕಣ್ಣಾರೆ ಕಂಡಿದ್ದಾನೆ, ತಪ್ಪು ಕಾರಿನದು ಎಂದು.

"ಒಳ್ಳೇದೇ ಆಯ್ತು" ಎಂದರು ವಕೀಲರು. "ಕಾರಿನ ವಿಮೆಯವರನ್ನೂ ಕೇಸಿಗೆ ಸೇರಿಸೋಣ. ತಮ್ಮ ಬ್ರೇಕ್ ಹಾಕಿದ ಅಂತ ನೀವು ಒಂದು ಮಾತು ಹೇಳಿ. ಎರಡು ಕಂಪನಿ ಹೊಡೆದಾಡ್ಕೊಂಡು ಕಟ್ಕೊಳ್ಳಲಿ. ನಿಮ್ಮ ಆಪರೇಷನ್ ಆಗುತ್ತೆ. ತಮ್ಮನ ಜೇಬಿನಿಂದ ಏನೂ ಹೋಗಲ್ಲ."

ತಮ್ಮ ಬಾಗಿಲ ಹತ್ತಿರ ನಿಂತಿದ್ದ. "ಜೇಬಿನಿಂದ ಹೋಗಲ್ಲ, ಸರ್. ಲೈಸೆನ್ಸ್ ಹೋಗುತ್ತೆ. ಕಲಿಸೋನೇ ಕಾರಣವಿಲ್ಲದೆ ನಡುರಸ್ತೇಲಿ ನಿಲ್ಲಿಸಿದ ಅಂತ ತೀರ್ಪು ಬಂದ್ರೆ ಶಾಲೆ ನಡೆಸೋಕೆ ಬಿಡ್ತಾರಾ?"

ವಕೀಲರು ಮುಚ್ಚಳ ಹಾಕಿದರು. ಯೋಚನೆ ಮಾಡಿ ಹೇಳಿ ಎಂದರು, ನನಗೆ.

ಆಟೋದಲ್ಲಿ ಬರುವಾಗ ನಾವಿಬ್ಬರೂ ಎರಡು ಬದಿಯ ಅಂಗಡಿಗಳನ್ನು ಓದುತ್ತಾ ಬಂದೆವು.

ಮೇ ೩

ತಮ್ಮ ಎರಡು ದಿನದಿಂದ ಸರಿಯಾಗಿ ಊಟ ಮಾಡುತ್ತಿಲ್ಲ. ಸಂಜೆ ನನ್ನ ಕೋಣೆಗೆ ಬಂದು ಮಂಚದ ತುದಿಯಲ್ಲಿ ಕೂತ.

"ಅಕ್ಕ, ನಿಜವಾಗ್ಲೂ ಹೇಳ್ತೀನಿ, ನನಗೆ ಬ್ರೇಕ್ ಹಾಕಿದ ನೆನಪೇ ಇಲ್ಲ. ಇಷ್ಟು ವರ್ಷ ಕಲಿಸಿದೀನಿ. ಹಿಂದೆ ಲಾರಿ ಇದ್ದಾಗ ಗಕ್ಕನೆ ಹಾಕ್ತೀನಾ? ಕಾಲೇ ಹೋಗಲ್ಲ."

"ಮತ್ತೆ ದೀಪ ಹತ್ತಿತಂತಲ್ಲ?"

ಅವನು ಚಾದರದ ಅಂಚನ್ನು ಮಡಚಿದ, ಬಿಚ್ಚಿದ. "ನಿನ್ನ ಕಡೆನೂ ಒಂದು ಬ್ರೇಕ್ ಇದೆಯಲ್ಲ."

ಕಲಿಸುವವನು ಕೂರುವ ಸೀಟು ಅದು. ಶಿಷ್ಯ ಗಾಬರಿಯಾದರೆ ಮೇಷ್ಟ್ರು ಒತ್ತಲಿ ಎಂದು ಅಲ್ಲಿ ಎರಡನೇ ಬ್ರೇಕ್ ಇರುತ್ತದೆ. ನನಗೆ ಗೊತ್ತಿಲ್ಲದ್ದೇನಲ್ಲ. ಚಪ್ಪಲಿ ಬಿಡುವಾಗ ಎಷ್ಟೋ ಸಲ ಅದರ ಕೆಳಗೇ ತಳ್ಳಿದ್ದೇನೆ.

"ನಾನು ಕಾಲು ಮೇಲಿಟ್ಟು ಕೂತಿದ್ದೆ ಕಣೋ" ಎಂದೆ.

"ಹೌದಾ" ಎಂದ. "ಇರಬಹುದು. ನೀನು ಏನೂ ಹೇಳ್ಬೇಕಾಗಿಲ್ಲ. ಸುಮ್ಮನೆ ನೆನಪು ಮಾಡ್ಕೋ ಅಂದೆ."

ಮೇ ೪

ಕಾಲು ಮೇಲೇ ಇತ್ತು.

ಮೇ ೨೯

ಮಂಡಿ ಪರವಾಗಿಲ್ಲ. ಪೂರ್ತಿ ಮಡಚಲು ಇನ್ನಾಗುವುದಿಲ್ಲ ಎಂದಿದ್ದಾರೆ, ಆದರೆ ಒತ್ತಲು ಶಕ್ತಿ ಬಂದಿದೆ. ತಮ್ಮ ದಿನಾ ಕೆಲಸ ಮುಗಿಸಿ ಬಂದು ಚಪ್ಪಲಿ ಇಡುತ್ತಾನೆ. ಈಗ ಮಾತು ಮುಗಿಯುವ ಮೊದಲೇ ಪಾದ ಅಲ್ಲಿರುತ್ತದೆ. "ಪರೀಕ್ಷೆಗೆ ಕಳಿಸಿದ್ರೆ ನೀನೇ ಫಸ್ಟು" ಎಂದ. ಹೊಗಳಿಕೆಗೆ ನನ್ನ ವಯಸ್ಸಿನಲ್ಲೂ ಮುಖ ಬಿಸಿಯಾಗುತ್ತದೆ.

ಊಟದ ಹೊತ್ತಿಗೆ ಅಡುಗೆಮನೆಯಲ್ಲಿ ತಟ್ಟೆ ಬಿತ್ತು. ಬೆಚ್ಚಿದೆ. ಮೇಜಿನ ಕೆಳಗೆ ಬಲಗಾಲು ನೆಲವನ್ನು ಒತ್ತಿ ಹಿಡಿದಿತ್ತು. ತಮ್ಮನ ಹೆಂಡತಿ ಬಗ್ಗಿ ತಟ್ಟೆ ಎತ್ತುವಾಗ ಅದನ್ನು ನೋಡಿದಳು. "ಪಾಪ, ಭಯ ಆದ್ರೆ ಕಾಲು ತಾನೇ ಹೋಗಿಬಿಡುತ್ತೆ ಅಲ್ವಾ ಅಕ್ಕ. ನಾವೇನು ಬೇಕು ಅಂತ ಮಾಡ್ತೀವಾ" ಎಂದಳು. ಅವಳ ದನಿಯಲ್ಲಿ ಕೊಂಕಿರಲಿಲ್ಲ. ಆಮೇಲೆ ಬಾಚಣಿಗೆ ತಂದು ನನ್ನ ತಲೆ ಬಾಚಿದಳು, ತುಂಬ ಹೊತ್ತು.

ಭಯವಾದರೆ ಕಾಲು ತಾನೇ ಹೋಗುತ್ತದೆ. ಇದನ್ನು ನಾನು ಯೋಚಿಸಿರಲಿಲ್ಲ.

ಜೂನ್ ೧೬

ಲ್ಯಾಬಿನಿಂದ ಗೆಳತಿ ಬಂದಿದ್ದಳು. ನನ್ನ ಪಕ್ಕದ ಮೇಜಿನವಳು, ಬೆಳಿಗ್ಗೆ ಶುರುವಾದರೆ ಸಂಜೆಯವರೆಗೆ ನಿಲ್ಲದವಳು, ಅದಕ್ಕೇ ಎಲ್ಲರೂ ರೇಡಿಯೊ ಎನ್ನುತ್ತಾರೆ. ನಾನು ಕುರ್ಚಿಯಲ್ಲಿ ಕಾಲು ಇಳಿಬಿಟ್ಟು ಕೂತದ್ದನ್ನು ಕಂಡು ಬಾಗಿಲಲ್ಲೇ ನಿಂತಳು.

"ಇದ್ಯಾರೇ ಇದು? ಕಾಲು ಇಳಿಬಿಟ್ಕೊಂಡು ಮಹಾರಾಣಿ ಥರ! ಲ್ಯಾಬಿನ ಅಷ್ಟೆತ್ತರದ ಸ್ಟೂಲ್ ಮೇಲೆ ಕೋತಿ ಹಾಗೆ ಕಾಲು ಮಡಚ್ಕೊಂಡು ಕೂರೋಳು ನೀನು."

ಮಂಡಿ ಮಡಚುವುದಿಲ್ಲ ಎಂದೆ. ಅವಳ ಕಣ್ಣು ತುಂಬಿತು. ಆದರೆ ರೇಡಿಯೊ ನಿಲ್ಲಲಿಲ್ಲ: ಯಜಮಾನರು ನನ್ನ ಜಾಗಕ್ಕೆ ಒಬ್ಬನನ್ನು ತಂದಿದ್ದಾರೆ, ಅವನು ಜೋಡಿಸಿದ ಹಲ್ಲು ಹಾಕಿಕೊಂಡ ಒಬ್ಬರು ಕುದುರೆಯ ಹಾಗೆ ನಗುತ್ತಾರೆ, ನೀನು ಬೇಗ ಬಾ. ಆಮೇಲೆ ಕೇಸಿನ ಮಾತು ಬಂತು. ಬ್ರೇಕಿನ ವಿಷಯ ಹೇಳಿದೆ. ನನಗೇ ಈಗ ಸಂಶಯ ಎಂದೆ.

"ನಿನಗೆ ತಲೆ ಕೆಟ್ಟಿದೆಯಾ? ಕಾರಲ್ಲಿ ನೀನು ಯಾವತ್ತು ಕಾಲು ಕೆಳಗೆ ಬಿಟ್ಟಿದ್ದೆ? ನಿಮ್ಮ ತಮ್ಮ ಏನಾದ್ರೂ ತಲೆಗೆ ತುಂಬ್ತಿದಾನಾ?"

ನನಗೆ ಸಿಟ್ಟು ಬಂತು. ಅವಳು ಕಾರಿನಲ್ಲಿರಲಿಲ್ಲ. ಯಾವತ್ತೂ ಹಾಗೆ ಕೂರುವವಳು ಆ ಒಂದು ದಿನವೂ ಹಾಗೇ ಕೂತಿದ್ದಳು ಎಂದು ಹೇಗೆ ಹೇಳುವುದು? ಅವನು ಏನನ್ನೂ ತುಂಬುತ್ತಿಲ್ಲ. ಮೇ ತಿಂಗಳಿಂದ ಆ ಮಾತನ್ನೇ ಎತ್ತಿಲ್ಲ.

ಹೋಗುವಾಗ ಅವಳು ನನ್ನ ಬಲಗೈಯನ್ನು ಹಿಡಿದು ಬೆರಳುಗಳನ್ನು ಒಂದೊಂದಾಗಿ ಬಿಡಿಸಿ ನೋಡಿದಳು, ಮೇಣ ತಣ್ಣಗಾಯಿತೇ ಎಂದು ನೋಡುವ ಹಾಗೆ.

ಜುಲೈ ೫

ಬೆಳಿಗ್ಗೆ ಹಲ್ಲುಜ್ಜುವಾಗ ನೆನಪಾಯಿತು. ಪೆಡಲಿನ ಮೇಲೆ ರಬ್ಬರಿನ ಪಟ್ಟೆಗಳಿದ್ದವು. ಅಂಗಾಲಿಗೆ ಅವು ಉಬ್ಬುಬ್ಬಾಗಿ ಸಿಕ್ಕಿದವು. ಒತ್ತಿದಾಗ ಮೊದಲು ಮೆತ್ತಗೆ, ಆಮೇಲೆ ಗಟ್ಟಿ.

ಇಷ್ಟು ದಿನ ಇದು ಎಲ್ಲಿ ಕೂತಿತ್ತೋ. ಬ್ರಷ್ಷು ಬಾಯಲ್ಲಿಟ್ಟುಕೊಂಡೇ ನಿಂತಿದ್ದೆ. ಭಯವಾಗಬೇಕಿತ್ತು. ಆಗಲಿಲ್ಲ. ಮೇಲಿನ ದವಡೆ ಕೆಳಗಿನದರ ಮೇಲೆ ಸರಿಯಾಗಿ ಕೂತಾಗ ಒಂದು ಸಣ್ಣ ಶಬ್ದ ಬರುತ್ತದೆ. ಆ ಶಬ್ದಕ್ಕಾಗಿಯೇ ದಿನವಿಡೀ ಕೆಲಸ ಮಾಡುತ್ತೇವೆ. ಹಾಗಿತ್ತು. ದೀಪ ಹತ್ತಿದ್ದು ನಿಜ, ತಮ್ಮ ಬ್ರೇಕ್ ಹಾಕದ್ದೂ ನಿಜ. ಹಾಗಾದರೆ ಉಳಿದದ್ದು ನಾನು. ಯಾರೂ ಸುಳ್ಳು ಹೇಳುತ್ತಿಲ್ಲ. ಲಾರಿಯವನೂ ಹೇಳುತ್ತಿಲ್ಲ.

ಪುಸ್ತಕದ ಹಿಂದಿನ ಪುಟಗಳನ್ನು ತೆಗೆದೆ. ಎಡಗೈಯ ಆ ಬರಹ ಓದಲೇ ಆಗುವುದಿಲ್ಲ. ನೋವಿನ ಮಾತ್ರೆ ತಿಂದು ಬರೆದದ್ದು. ಮುಚ್ಚಿಟ್ಟೆ.

ಜುಲೈ ೧೯

ವಕೀಲರಿಗೆ ಹೇಳಿದೆ. ಅವರು ಪೆನ್ನನ್ನೇ ಮೇಜಿನ ಮೇಲೆ ಇಟ್ಟರು.

"ಮೇಡಂ, ಇದನ್ನ ಯಾರು ಹೇಳ್ಕೊಟ್ಟರು?"

"ಯಾರೂ ಇಲ್ಲ. ನೆನಪಾಯ್ತು."

"ನಾಲ್ಕು ತಿಂಗಳಾದ ಮೇಲೆ?"

"ನೆನಪು ಯಾವಾಗ ಬರಬೇಕೋ ಆಗ ಬರುತ್ತೆ."

"ಹೋಗಲಿ, ಬಂದದ್ದು ಬಂತು. ಅದನ್ನ ಮನೇಲೇ ಬಿಟ್ಟು ಕೋರ್ಟಿಗೆ ಬನ್ನಿ. ಬ್ರೇಕ್ ಯಾರು ಹಾಕಿದ್ರೋ ನಾನು ನೋಡ್ಲಿಲ್ಲ, ಕಿಟಕಿ ಕಡೆ ನೋಡ್ತಿದ್ದೆ ಅನ್ನಿ. ಮುಗೀತು. ಅದರಿಂದ ನಿಮ್ಮ ತಮ್ಮನೂ ಉಳೀತಾರೆ. ನಾನೇ ಒತ್ತಿದೆ ಅಂದ್ರೋ, ಡ್ರೈವಿಂಗ್ ಬರದೋಳು ನಡುರಸ್ತೇಲಿ ಗಾಡಿ ನಿಲ್ಲಿಸಿದಳು ಅಂತ ಅವರು ನಿಮ್ಮ ಕೈಯನ್ನ ನಿಮ್ಮ ಲೆಕ್ಕಕ್ಕೇ ಬರೀತಾರೆ. ಆಪರೇಷನ್ ಬೇಕೋ ಬೇಡ್ವೋ?"

ಬೇಕು. ಬೆಳಿಗ್ಗೆ ಎದ್ದ ಕೂಡಲೇ ಬೆರಳುಗಳನ್ನು ನೋಡುತ್ತೇನೆ, ರಾತ್ರಿ ಏನಾದರೂ ಮನಸ್ಸು ಬದಲಿಸಿದವೇನೋ ಎಂದು. ಆದರೆ ಗೊತ್ತಿದ್ದೂ ಗೊತ್ತಿಲ್ಲ ಎನ್ನುವುದು ಹೇಗೆ?

ತಮ್ಮನಿಗೆ ಈ ಮಾತನ್ನೆಲ್ಲ ಹೇಳಿದೆ. "ನಿನಗೆ ಖಾತ್ರಿ ಇದೆಯಾ ಅಕ್ಕ?" ಎಂದ. ಇದೆ ಎಂದೆ. "ಹಾಗಾದ್ರೆ ನಾನು ಏನು ಹೇಳ್ಲಿ" ಎಂದು ಎದ್ದು ಹೋದ. ಊಟಕ್ಕೆ ಎರಡು ಸಲ ಬಡಿಸಿಕೊಂಡ. ಅದನ್ನು ಕಂಡು ನನಗೂ ಹಸಿವಾಯಿತು.

ಆಗಸ್ಟ್ ೨೧

ಕೋರ್ಟು. ಕಾರಿಡಾರಿನಲ್ಲಿ ಒಂದೇ ಬೆಂಚು. ಅಲ್ಲಿ ಕೂತಿದ್ದ ಒಬ್ಬ ಗಂಡಸು ಎದ್ದು ಜಾಗ ಬಿಟ್ಟ. ಕೂತ ಮೇಲೆ ಗೊತ್ತಾಯಿತು, ಲಾರಿಯ ಡ್ರೈವರು.

"ಕೈ ಈಗ ಹೇಗಿದೆ ಅಮ್ಮ?"

ವಿಚಿತ್ರವೆಂದರೆ ಕೋರ್ಟಿನಲ್ಲಿ ಇದನ್ನು ಕೇಳಿದ್ದು ಇವನೊಬ್ಬನೇ. ಬೆರಳು ಬಗ್ಗಲ್ಲ ಎಂದೆ.

"ನಾನೂ ಸ್ವಲ್ಪ ಹತ್ತಿರಾನೇ ಇದ್ದೆ, ಸುಳ್ಳು ಹೇಳಲ್ಲ" ಎಂದ ತಗ್ಗಿದ ದನಿಯಲ್ಲಿ. "ಆದ್ರೆ ನಿಮ್ಮ ಗಾಡಿ ಹಾಗೆ ನಿಲ್ಲಬಾರದಿತ್ತು. ಆ ಹೊತ್ತಲ್ಲಿ ನಿಮ್ಮ ಡ್ರೈವರ್ ತಲೆ ಕಾಣಿಸ್ಲಿಲ್ಲ ನನಗೆ. ಆಮೇಲೆ ಮೇಲೆ ಬಂತು. ಕೆಳಗೆ ಏನ್ ಹುಡುಕ್ತಿದ್ರೋ."

ಲಾರಿಯ ಎತ್ತರದಿಂದ ಒಳಗಿನವರ ತಲೆ ಕಾಣುವುದು ಹೇಗೆ ಎಂದುಕೊಂಡೆ. ಅವನಿಗೂ ತನ್ನ ಕೆಲಸ ಉಳಿಸಿಕೊಳ್ಳಬೇಕಲ್ಲ. ಅಷ್ಟರಲ್ಲಿ ಕರೆದರು.

ವಿಮೆ ಕಂಪನಿಯ ವಕೀಲರು ಬಹಳ ಮರ್ಯಾದೆಯ ಮನುಷ್ಯ. ನನಗೆ ಕುರ್ಚಿ ಹಾಕಿಸಿದರು.

"ಅದು ಡ್ರೈವಿಂಗ್ ಶಾಲೆಯ ಕಾರು. ನೀವು ಕೂತ ಕಡೆಯೂ ಒಂದು ಬ್ರೇಕ್ ಇತ್ತು, ಅಲ್ಲವೇ?"

"ಇತ್ತು."

"ಅದನ್ನು ನೀವು ಮುಟ್ಟಲಿಲ್ಲ ತಾನೇ?"

ಅವರೂ ಇಲ್ಲ ಎನ್ನುವ ಉತ್ತರವನ್ನೇ ಕಾದಿದ್ದರು. ಮುಂದಿನ ಪ್ರಶ್ನೆಗಾಗಿ ಆಗಲೇ ಹಾಳೆ ತಿರುಗಿಸುತ್ತಿದ್ದರು. ನನ್ನ ಹಿಂದೆ ನಮ್ಮ ವಕೀಲರ ಪೆನ್ನಿನ ಟಪ್ ಟಪ್ ಸದ್ದು ನಿಂತಿತು.

"ಒತ್ತಿದೆ" ಎಂದೆ.

ಅವರ ಕೈಯಲ್ಲಿ ಹಾಳೆ ಅರ್ಧಕ್ಕೆ ನಿಂತಿತು. ನ್ಯಾಯಾಧೀಶರು ಮೊದಲ ಸಲ ನನ್ನ ಮುಖ ನೋಡಿದರು. "ಯೋಚನೆ ಮಾಡಿ ಹೇಳಿ. ಯಾರಾದರೂ ಹೀಗೆ ಹೇಳಿ ಅಂದಿದ್ದಾರಾ?"

"ಇಲ್ಲ. ರಸ್ತೇಲಿ ಏನೋ ಕಾಣಿಸ್ತು. ಭಯ ಆಯ್ತು. ಬಲಗಾಲು ತಾನೇ ಹೋಯ್ತು."

ಟೈಪು ಮಾಡುವ ಹೆಂಗಸಿನ ಬೆರಳುಗಳನ್ನು ನೋಡುತ್ತಿದ್ದೆ. ಹತ್ತೂ ಬೆರಳು, ಒಂದಕ್ಕೊಂದು ತಾಗದ ಹಾಗೆ. ನನ್ನ ಮಾತು ಅಲ್ಲಿ ಅಕ್ಷರವಾಗಿ ಮುಗಿದಾಗ ತಿಂಗಳುಗಳಿಂದ ಬಿಗಿಹಿಡಿದಿದ್ದ ಉಸಿರು ಹೊರಬಂತು.

ಹೊರಗೆ ತಮ್ಮ ಕಾರಿಡಾರಿನ ಕೊನೆಯಲ್ಲಿ, ಗೋಡೆಯ ಕಡೆ ಮುಖ ಮಾಡಿ, ಯಾವುದೋ ಹಳೆಯ ನೋಟಿಸು ಓದುತ್ತಿದ್ದ. ಭುಜ ಮುಟ್ಟಿದೆ. ತಿರುಗಲಿಲ್ಲ.

ಅಕ್ಟೋಬರ್ ೩೦

ತೀರ್ಪು ಬಂತು. ಲಾರಿಯವನದು ಅರ್ಧ ತಪ್ಪು, ನನ್ನದು ಅರ್ಧ. ಕಾರಿನ ಚಾಲಕನದು ಏನೂ ಇಲ್ಲ. ನನ್ನ ಅರ್ಧವನ್ನು ಕಳೆದು ಉಳಿದದ್ದು ಆಸ್ಪತ್ರೆಯ ಹಳೆಯ ಬಾಕಿಗೆ ಸರಿಹೋಯಿತು. ಆಪರೇಷನ್ನಿಗೆ ಆಮೇಲೆ ನೋಡೋಣ ಎಂದ ತಮ್ಮ, ಶಾಲೆ ಸ್ವಲ್ಪ ಚೇತರಿಸಿಕೊಳ್ಳಲಿ, ನಾನಿದ್ದೀನಿ. ಡಾಕ್ಟರು ಹೇಳಿದ ವರ್ಷ ಮುಗಿಯುತ್ತಾ ಬಂತು.

ಯಜಮಾನರು ಕರೆದಿದ್ದಾರೆ. ಹಲ್ಲು ಜೋಡಿಸುವ ಮೇಜಿಗಲ್ಲ, ಹಿಂದಿನ ಕೋಣೆಗೆ, ಅಚ್ಚಿಗೆ ಪ್ಲಾಸ್ಟರ್ ಕಲಸಿ ಹೊಯ್ಯಲು. ಅದಕ್ಕೆ ಬೆರಳು ಬೇಡ, ಅಂಗೈ ಸಾಕು. "ಅಲ್ಲಿಗೂ ನನ್ನ ದನಿ ಕೇಳಿಸುತ್ತೆ, ಹೆದರಬೇಡ" ಎಂದಳು ರೇಡಿಯೊ ಫೋನಿನಲ್ಲಿ. ಆಮೇಲೆ ಬೇರೇನೂ ಹೇಳದೆ ಇಟ್ಟುಬಿಟ್ಟಳು. ಅವಳು ಹಾಗೆ ಇಟ್ಟದ್ದು ಇದೇ ಮೊದಲು.

ನವೆಂಬರ್ ೨೫

ಕೆಲಸಕ್ಕೆ ಮೊದಲ ದಿನ. ಶಾಲೆಗೆ ಬೇರೆ ಕಾರು ಬಂದಿದೆ. ಅದೇ ಮಾದರಿ, ಬಣ್ಣ ಮಾತ್ರ ಬೇರೆ. ತಮ್ಮನೇ ಬಿಡುತ್ತೇನೆಂದ. ಪಕ್ಕದ ಸೀಟಿನಲ್ಲಿ ಕಾಲು ಇಳಿಬಿಟ್ಟು ಕೂತೆ.

ದೊಡ್ಡ ಸಿಗ್ನಲ್ಲಿನಲ್ಲಿ ಕೆಂಪು ದೀಪ. ಅವನು ಬೆಳಗಿನಿಂದ ಮಂಕಾಗಿದ್ದ. ಮಾತಾಡಿಸಲೆಂದು, "ನೋಡು, ಆವತ್ತು ಹೀಗೇ ಒತ್ತಿದ್ದು" ಎಂದು ಕಾಲು ಚಾಚಿದೆ.

ಪೆಡಲ್ ಸಿಗಲಿಲ್ಲ. ಸೀಟಿನಲ್ಲಿ ಜಾರಿ ಇನ್ನಷ್ಟು ಚಾಚಿದೆ. ಬೆಲ್ಟು ಕುತ್ತಿಗೆಗೆ ಒತ್ತಿತು. ಹೆಬ್ಬೆರಳಿಗೂ ಪೆಡಲಿಗೂ ನಡುವೆ ಇನ್ನೂ ಒಂದು ಗೇಣು.

"ಮೆಕ್ಯಾನಿಕ್ಕು ಈ ಸಲ ದೂರ ಕೂರಿಸಿದ್ದಾನೆ" ಎಂದೆ.

"ಇಲ್ಲ ಅಕ್ಕ, ಅಳತೆ ಅದೇ. ಹಳೇ ಪೆಡಲೇ ಅದು, ನನ್ನ ಕಾಲುದ್ದಕ್ಕೆ ಮಾಡ್ಸಿದ್ದು. ಸೀಟೂ ನಾನು ಕೂರೋ ಹಾಗೆ ಹಿಂದೇನೇ..."

ಅವನು ನನ್ನ ಕಾಲನ್ನೇ ನೋಡುತ್ತಿದ್ದ.

ಹಸಿರು ದೀಪ ಬಂತು. ಅವನು ಕದಲಲಿಲ್ಲ. ಹಿಂದೆ ಒಂದು ಹಾರ್ನು, ಆಮೇಲೆ ಸಾಲಾಗಿ ಎಲ್ಲರೂ. "ಹೋಗೋ, ಹಸಿರು ಬಿತ್ತು" ಎಂದೆ. "ಅಕ್ಕಾ" ಎಂದ. ಗೇರಿಗೆ ಕೈ ಹಾಕಿ ಮತ್ತೆ ತೆಗೆದ. ಪಾಪ, ಹಿಂದೆ ಗಾಡಿಗಳ ಸದ್ದು ಕೇಳಿದರೆ ಈಗಲೂ ಅವನಿಗೆ ಭಯ. ನಾನು ಅಂದು ಮಾಡಿದ್ದು ಅವನನ್ನು ಇನ್ನೂ ಬಿಟ್ಟಿಲ್ಲ.

ಸೀಟಿನ ಕೆಳಗಿನ ಹಿಡಿಯನ್ನು ಎಡಗೈಯಲ್ಲಿ ಹುಡುಕಿದೆ. ಎತ್ತಿ, ಪಾದ ಪೆಡಲಿನ ಮೇಲೆ ಕೂರುವವರೆಗೂ ಸೀಟನ್ನು ಮುಂದಕ್ಕೆ ಎಳೆದುಕೊಂಡೆ.

"ಈಗ ಸರಿಹೋಯ್ತು ನೋಡು. ನೀನು ಹೆದರಬೇಡ, ನಡಿ. ಈ ಕಡೆ ನಾನು ನೋಡ್ಕೋತೀನಿ."

ಲ್ಯಾಬು ಬರುವವರೆಗೂ ಒತ್ತಲಿಲ್ಲ. ಪಾದ ಎತ್ತಲೂ ಇಲ್ಲ.